ಮಳೆಯೂರಿನ ಮೊಂಡು ಪತ್ತೇದಾರರು: ಓದುಗರ ಪ್ರಶ್ನೆ, ನಮ್ಮ ಉತ್ತರ

ಬ್ರಿಟನ್ನಿನ ಅಪರಾಧ ಕಾದಂಬರಿಗಳ ಬಗ್ಗೆ ಹಾಸನ, ಚಿಕ್ಕಮಗಳೂರು ಜಿಲ್ಲೆಗಳಿಂದ ಬಂದ ಪ್ರಶ್ನೆಗಳನ್ನು ಈ ಸಂಚಿಕೆಗೆ ಒಟ್ಟಾಗಿ ಎತ್ತಿಕೊಂಡಿದ್ದೇವೆ. ಬಂಗಲೆಯಲ್ಲಿ ಕೊಲೆಯಾಗಿ, ಕೊನೆಗೆ ಎಲ್ಲರನ್ನೂ ಕೂರಿಸಿ ಕೊಲೆಗಾರನ ಹೆಸರು ಹೇಳುವ ಕಥೆಗಳಲ್ಲ ಇವು. ವಠಾರದ ಮೆಟ್ಟಿಲು, ಮುಚ್ಚಿದ ಕಾರ್ಖಾನೆ, ಠಾಣೆಯ ಒಳಜಗಳ, ಮೇಲಧಿಕಾರಿಯ ಮಾತು ಕೇಳದ ಪೊಲೀಸು, ಇವುಗಳ ಕಥೆ.

ಪ್ರ: ಷರ್ಲಾಕ್ ಹೋಮ್ಸ್, ಅಗಾಥಾ ಕ್ರಿಸ್ಟಿ ಓದಿಕೊಂಡೇ ಬೆಳೆದವಳು ನಾನು. ಇಯಾನ್ ರ‍್ಯಾಂಕಿನ್ ಅವರ ರೀಬಸ್ ಸರಣಿಯ ಮೊದಲ ಪುಸ್ತಕ ತರಿಸಿದೆ, ಹಿಡಿಸಲಿಲ್ಲ. ಎಲ್ಲಿಂದ ಶುರು ಮಾಡಬೇಕಿತ್ತು?
— ಒಬ್ಬ ಓದುಗಿ, ಹಾಸನ

ಉ: ಮೊದಲ ಪುಸ್ತಕದಿಂದ ಶುರು ಮಾಡಿದ್ದೇ ತೊಡಕಾಯಿತು. 1987ರ 'ನಾಟ್ಸ್ ಅಂಡ್ ಕ್ರಾಸಸ್' ಬರೆದಾಗ ರ‍್ಯಾಂಕಿನ್ ಅವರಿಗೆ ಸರಣಿಯ ಯೋಚನೆಯೇ ಇರಲಿಲ್ಲ. ನಾಯಕ ರೀಬಸ್ ಎಡಿನ್‌ಬರೊದ ಪೊಲೀಸ್ ಪತ್ತೇದಾರ, ಆ ಹೆಸರಿಗೂ ಚಿತ್ರದ ಒಗಟು ಎಂದೇ ಅರ್ಥ. ಅಲ್ಲಿ ಒಗಟಿನ ಆಟ ಹೆಚ್ಚು, ಊರು ಕಡಿಮೆ. ನೀವು ಎಂಟನೆಯ ಕಾದಂಬರಿ 'ಬ್ಲ್ಯಾಕ್ ಅಂಡ್ ಬ್ಲೂ'ಗೆ (1997) ನೇರವಾಗಿ ಹೋಗಿ. ಬ್ರಿಟನ್ನಿನ ಅಪರಾಧ ಲೇಖಕರ ಸಂಘದ ಗೋಲ್ಡ್ ಡ್ಯಾಗರ್ ಪ್ರಶಸ್ತಿ ಪಡೆದ ಪುಸ್ತಕ ಅದು. 1960ರ ದಶಕದ ಕೊನೆಯಲ್ಲಿ ಗ್ಲಾಸ್ಗೋದಲ್ಲಿ ಮೂವರು ಹೆಂಗಸರ ಕೊಲೆಯಾಗಿ, ಪತ್ರಿಕೆಗಳು 'ಬೈಬಲ್ ಜಾನ್' ಎಂದು ಹೆಸರಿಟ್ಟ ಕೊಲೆಗಾರ ಸಿಗದೇ ಹೋದ ನಿಜ ಪ್ರಕರಣವನ್ನು ಹಿಡಿದುಕೊಂಡು, ಅವನನ್ನು ನಕಲು ಮಾಡುವ ಹೊಸ ಕೊಲೆಗಾರನನ್ನು ಕಾದಂಬರಿ ಸೃಷ್ಟಿಸುತ್ತದೆ. ಎಡಿನ್‌ಬರೊ, ಗ್ಲಾಸ್ಗೋ, ತೈಲದ ದುಡ್ಡಿನ ಆಬರ್ಡೀನ್, ಮೂರೂ ಒಂದೇ ಪುಸ್ತಕದಲ್ಲಿ ಸಿಗುತ್ತವೆ.

ಅದು ಹಿಡಿಸಿದರೆ ಮಾತ್ರ ಹಿಂದಕ್ಕೆ ಬಂದು ವರ್ಷದ ಕ್ರಮದಲ್ಲಿ ಓದಿ. ಕ್ರಮ ಮುಖ್ಯ, ಯಾಕೆಂದರೆ ರೀಬಸ್‌ಗೆ ನಮ್ಮ ಹಾಗೆಯೇ ವಯಸ್ಸಾಗುತ್ತದೆ. 2007ರ 'ಎಕ್ಸಿಟ್ ಮ್ಯೂಸಿಕ್'ನಲ್ಲಿ ಅರವತ್ತು ತುಂಬಿ ನಿವೃತ್ತನಾಗುತ್ತಾನೆ. 2012ರಲ್ಲಿ ಮತ್ತೆ ಬರುವಾಗ ಕೈಯಲ್ಲಿ ಅಧಿಕಾರವಿಲ್ಲ, ಹಳೆಯ ಕಡತಗಳ ವಿಭಾಗದಲ್ಲಿ ಪೊಲೀಸ್ ಅಲ್ಲದ ಸಾಮಾನ್ಯ ನೌಕರ. ಹಿಂದುಮುಂದಾಗಿ ಓದಿದರೆ ಈ ಇಳಿತದ ನೋವು ಕೈತಪ್ಪಿ ಹೋಗುತ್ತದೆ.

ಕ್ರಿಸ್ಟಿ ಇಷ್ಟಪಟ್ಟವರಿಗೆ ಇನ್ನೂ ಸಲೀಸಾದ ದಾರಿ ಆನ್ ಕ್ಲೀವ್ಸ್ ಅವರ 'ರೇವನ್ ಬ್ಲ್ಯಾಕ್' (2006). ಶೆಟ್‌ಲ್ಯಾಂಡ್ ದ್ವೀಪ, ಎಲ್ಲರಿಗೂ ಎಲ್ಲರ ಪರಿಚಯ, ಸುಳಿವುಗಳು ಕಣ್ಣೆದುರೇ ಇರುತ್ತವೆ. ಆದರೆ ಊರವರು ಒಂಟಿ ಮುದುಕನೊಬ್ಬನನ್ನು ವಿಚಾರಣೆಗೂ ಮೊದಲೇ ತಪ್ಪಿತಸ್ಥನೆಂದು ತೀರ್ಮಾನಿಸಿಬಿಟ್ಟಿದ್ದಾರೆ. ಕ್ರಿಸ್ಟಿಯ ಹಳ್ಳಿಯಲ್ಲಿ ಕೊಲೆಗಾರ ಸಿಕ್ಕರೆ ಊರು ಮೊದಲಿನಂತಾಗುತ್ತದೆ. ಇಲ್ಲಿ ಆಗುವುದಿಲ್ಲ.

ಪ್ರ: ಡಿಎಸ್, ಡಿಐ, ಡಿಸಿಐ ಎಂದು ಬಂದಾಗಲೆಲ್ಲ ಗೊಂದಲ. ಡಿಎಸ್ ಎಂದರೆ ಡೆಪ್ಯುಟಿ ಸೂಪರಿಂಟೆಂಡೆಂಟ್ ಎಂದುಕೊಂಡು ಅರ್ಧ ಪುಸ್ತಕ ಓದಿದ್ದೆ.
— ನಿವೃತ್ತ ಸರ್ಕಾರಿ ನೌಕರರು, ಚಿಕ್ಕಮಗಳೂರು

ಉ: ಡಿಎಸ್ ಎಂದರೆ ಡಿಟೆಕ್ಟಿವ್ ಸಾರ್ಜೆಂಟ್, ಡಿಐ ಡಿಟೆಕ್ಟಿವ್ ಇನ್‌ಸ್ಪೆಕ್ಟರ್, ಡಿಸಿಐ ಡಿಟೆಕ್ಟಿವ್ ಚೀಫ್ ಇನ್‌ಸ್ಪೆಕ್ಟರ್. ಕೆಳಗಿನಿಂದ ಮೇಲಕ್ಕೆ ಕಾನ್‌ಸ್ಟೆಬಲ್, ಸಾರ್ಜೆಂಟ್, ಇನ್‌ಸ್ಪೆಕ್ಟರ್, ಚೀಫ್ ಇನ್‌ಸ್ಪೆಕ್ಟರ್, ಸೂಪರಿಂಟೆಂಡೆಂಟ್, ಚೀಫ್ ಸೂಪರಿಂಟೆಂಡೆಂಟ್. ಅಪರಾಧ ತನಿಖಾ ವಿಭಾಗದಲ್ಲಿದ್ದರೆ ದರ್ಜೆಯ ಹೆಸರಿಗೆ ಮೊದಲು 'ಡಿಟೆಕ್ಟಿವ್' ಸೇರುತ್ತದೆ, ಅಷ್ಟೆ. ಆ ಪದದಿಂದ ದರ್ಜೆ ಮೇಲೇರುವುದಿಲ್ಲ. ಬೀದಿ ತಿರುಗಿ ಸಾಕ್ಷಿ ಹುಡುಕುವವನು ಹೆಚ್ಚಾಗಿ ಸಾರ್ಜೆಂಟ್ ಅಥವಾ ಇನ್‌ಸ್ಪೆಕ್ಟರ್. ಚೀಫ್ ಇನ್‌ಸ್ಪೆಕ್ಟರ್ ಮೇಲೆ ಹೋದಂತೆ ಸಭೆ, ಬಜೆಟ್, ಪತ್ರಿಕಾಗೋಷ್ಠಿ. ಅದಕ್ಕೇ ಈ ಕಾದಂಬರಿಗಳ ಮೊಂಡರು ಬಡ್ತಿಯನ್ನು ಶಿಕ್ಷೆಯೆಂದು ನೋಡುತ್ತಾರೆ. ಡೆರೆಕ್ ರೇಮಂಡ್ ಅವರ 'ಫ್ಯಾಕ್ಟರಿ' ಸರಣಿಯ ಸಾರ್ಜೆಂಟ್‌ಗೆ ಹೆಸರೇ ಇಲ್ಲ. ಯಾರಿಗೂ ಬೇಡವಾದ ಸಾವುಗಳ ವಿಭಾಗದಲ್ಲಿ ಕೂತು ಬಡ್ತಿ ಬೇಡವೆನ್ನುತ್ತಾನೆ.

ದರ್ಜೆಗಿಂತ ಮುಖ್ಯವಾಗಿ ಗಮನಿಸಬೇಕಾದ್ದು ಗಡಿಯಾರ. ಇಂಗ್ಲೆಂಡ್, ವೇಲ್ಸ್‌ನಲ್ಲಿ 1984ರ ಪೊಲೀಸ್ ಮತ್ತು ಅಪರಾಧ ಸಾಕ್ಷ್ಯ ಕಾಯ್ದೆಯ ಪ್ರಕಾರ ಬಂಧಿತನನ್ನು ಆರೋಪ ಹೊರಿಸದೆ 24 ಗಂಟೆ ಇಟ್ಟುಕೊಳ್ಳಬಹುದು. ಗಂಭೀರ ಅಪರಾಧವಾದರೆ ಸೂಪರಿಂಟೆಂಡೆಂಟ್ ಒಪ್ಪಿಗೆಯಿಂದ 36, ಮ್ಯಾಜಿಸ್ಟ್ರೇಟ್ ವಾರಂಟಿನಿಂದ ಗರಿಷ್ಠ 96. ವಿಚಾರಣೆ ಧ್ವನಿಮುದ್ರಣವಾಗುತ್ತದೆ, ವಕೀಲರನ್ನು ಕೇಳುವ ಹಕ್ಕಿದೆ. ಅಧ್ಯಾಯದಲ್ಲಿ 'ಇನ್ನು ನಾಲ್ಕು ಗಂಟೆ ಉಳಿದಿದೆ' ಎಂದು ಬಂದರೆ ಲೆಕ್ಕ ಇದೇ.

ಸ್ಕಾಟ್‌ಲ್ಯಾಂಡ್ ಕಾನೂನೇ ಬೇರೆ. ಅಲ್ಲಿ ಸಾವಿನ ಕಾರಣ ವಿಚಾರಿಸುವ ಕರೋನರ್ ಎಂಬ ಅಧಿಕಾರಿ ಇಲ್ಲ. ಸಂಶಯಾಸ್ಪದ ಸಾವುಗಳು 'ಪ್ರೊಕ್ಯುರೇಟರ್ ಫಿಸ್ಕಲ್' ಎಂಬ ಸರ್ಕಾರಿ ಅಭಿಯೋಜಕರ ಕೈಗೆ ಹೋಗುತ್ತವೆ. ಜ್ಯೂರಿಯಲ್ಲಿ 12 ಅಲ್ಲ, 15 ಜನ. ಅಪರಾಧ ಸಾಬೀತಾಗಲು ಒಂದನ್ನೊಂದು ಬೆಂಬಲಿಸುವ ಎರಡು ಮೂಲದ ಸಾಕ್ಷ್ಯ ಬೇಕು. ರೀಬಸ್ ಎಲ್ಲಿಗೆ ಹೋದರೂ ಇನ್ನೊಬ್ಬರನ್ನು ಜೊತೆಗೆ ಕರೆದೊಯ್ಯುವುದೇಕೆ, ಒಂಟಿಯಾಗಿ ಹೋದಾಗ ಕೇಸು ಕೆಡುವುದೇಕೆ ಎಂಬುದಕ್ಕೆ ಉತ್ತರ ಇಲ್ಲಿದೆ. 2010ರವರೆಗೆ ಅಲ್ಲಿ ವಕೀಲರಿಲ್ಲದೆ ಆರು ಗಂಟೆ ಪ್ರಶ್ನಿಸಬಹುದಿತ್ತು. ಆ ವರ್ಷ ಬ್ರಿಟನ್ನಿನ ಸುಪ್ರೀಂ ಕೋರ್ಟ್ ತೀರ್ಪು ಅದನ್ನು ನಿಲ್ಲಿಸಿತು. 2013ರಲ್ಲಿ ಎಂಟು ಪ್ರಾದೇಶಿಕ ಪೊಲೀಸ್ ಪಡೆಗಳನ್ನು ಸೇರಿಸಿ ಒಂದೇ ಪಡೆ ಮಾಡಿದರು. ಆದ್ದರಿಂದ ಪುಸ್ತಕ ತೆರೆದ ಕೂಡಲೇ ಕಥೆ ಯಾವ ವರ್ಷದ್ದು ಎಂದು ನೋಡಿಕೊಳ್ಳಿ.

ಪ್ರ: ಎಲ್ಲ ಪತ್ತೇದಾರರೂ ಕುಡುಕರು, ಎಲ್ಲರಿಗೂ ವಿಚ್ಛೇದನ. ಬೇಸರ ಬರುವುದಿಲ್ಲವೇ?
— ಕಾಫಿ ಬೆಳೆಗಾರರು, ಮೂಡಿಗೆರೆ

ಉ: ಬರುತ್ತದೆ. ಅಂಥ ಪುಸ್ತಕಗಳು ರಾಶಿ ಇವೆ. ಒಳ್ಳೆಯದನ್ನು ಬೇರ್ಪಡಿಸಲು ಒಂದು ಪರೀಕ್ಷೆ ಹೇಳುತ್ತೇವೆ. ಪಾತ್ರದ ವಿಚಿತ್ರ ಗುಣವನ್ನು ಮನಸ್ಸಿನಲ್ಲೇ ತೆಗೆದುಹಾಕಿ ನೋಡಿ. ಆಗಲೂ ಕೇಸು ಅದೇ ರೀತಿ ಬಗೆಹರಿಯುವಂತಿದ್ದರೆ ಆ ಗುಣ ಬರೀ ಒಡವೆ. ಬಗೆಹರಿಯದಿದ್ದರೆ ಅದು ಅವನ ಕೈಯ ಹತಾರ.

ಕ್ಲೀವ್ಸ್ ಅವರ ವೆರಾ ಸ್ಟ್ಯಾನ್‌ಹೋಪ್ ದಪ್ಪ ಶರೀರದ, ಒಪ್ಪ ಓರಣವಿಲ್ಲದ ಬಟ್ಟೆಯ ನಡುವಯಸ್ಸಿನ ಹೆಂಗಸು. 1999ರ 'ದಿ ಕ್ರೋ ಟ್ರ್ಯಾಪ್'ನಲ್ಲಿ ಮೊದಲು ಕಾಣಿಸಿಕೊಂಡಾಗ ಜನ ಅವಳನ್ನು ಪೊಲೀಸ್ ಎಂದೇ ಎಣಿಸುವುದಿಲ್ಲ. ಎದುರಿನವರು ಮೈಮರೆತು ಮಾತಾಡುತ್ತಾರೆ. ಅವಳನ್ನು ಅಚ್ಚುಕಟ್ಟು ಮಾಡಿದರೆ ಅರ್ಧ ಸಾಕ್ಷ್ಯ ಹೋಯಿತು. ಡೆನಿಸ್ ಮೀನಾ ಅವರ 'ಗಾರ್ನೆಟ್‌ಹಿಲ್' (1998) ಇನ್ನೂ ಮುಂದೆ ಹೋಗುತ್ತದೆ. ಮಾನಸಿಕ ಆಸ್ಪತ್ರೆಯಲ್ಲಿದ್ದು ಬಂದ ಮೌರೀನ್ ಓಡಾನಲ್ ಬೆಳಿಗ್ಗೆ ಎದ್ದರೆ ಮನೆಯಲ್ಲೇ ಪ್ರಿಯಕರನ ಹೆಣ. ಅವನೊಬ್ಬ ಚಿಕಿತ್ಸಕ. ಪೊಲೀಸರು ನಂಬುವುದಿಲ್ಲ, ಹೆತ್ತ ತಾಯಿಯೂ ನಂಬುವುದಿಲ್ಲ, ಹಾಗಾಗಿ ಅವಳೇ ಹುಡುಕಬೇಕು. ಅವಳ ಕಾಯಿಲೆಯ ಇತಿಹಾಸವಿಲ್ಲದೆ ಕಥೆಯೇ ಇಲ್ಲ. ಆ ಹೆಣ್ಣುಮಗಳ ಮೇಲೆ ಮೀನಾ ಒಂದು ಸಾಲಿನಲ್ಲೂ ಮರುಕ ಸುರಿಯುವುದಿಲ್ಲ, ಅದಕ್ಕೇ ಪುಸ್ತಕ ಅಷ್ಟು ಗಟ್ಟಿಯಾಗಿದೆ.

ಏಡ್ರಿಯನ್ ಮಕಿಂಟಿ ಅವರ ಶಾನ್ ಡಫಿ ಕ್ಯಾಥೊಲಿಕ್-ಪ್ರಾಟೆಸ್ಟೆಂಟ್ ಸಂಘರ್ಷ ಉರಿಯುತ್ತಿದ್ದ 1981ರ ಉತ್ತರ ಐರ್ಲೆಂಡಿನ ಪೊಲೀಸ್. ಬಹುಪಾಲು ಪ್ರಾಟೆಸ್ಟೆಂಟರೇ ಇರುವ ಪಡೆಯಲ್ಲಿ ಅವನೊಬ್ಬ ಕ್ಯಾಥೊಲಿಕ್. ಕಾರು ಹತ್ತುವ ಮೊದಲು ಪ್ರತಿ ಸಲ ಬಗ್ಗಿ ಅಡಿಯಲ್ಲಿ ಬಾಂಬು ಅಂಟಿಸಿದ್ದಾರೆಯೇ ಎಂದು ನೋಡುತ್ತಾನೆ. ಕಾರು ಅಲುಗಿದಾಗ ಪಾದರಸ ಹರಿದು ತಂತಿ ಕೂಡಿಸಿ ಸಿಡಿಯುವ ಬಾಂಬು ಅದು. ಡಫಿಯೂ ಕುಡಿಯುತ್ತಾನೆ. ಆದರೆ ಓದುಗರಿಗೆ ನೆನಪಿರುವುದು ಆ ಬಗ್ಗುವಿಕೆ, ಯಾಕೆಂದರೆ ಅದನ್ನು ಅವನಿಗೆ ಕಲಿಸಿದ್ದು ಊರು. ಗ್ಲಾಸ್ ಹಿಡಿಸುವುದು ಯಾವ ಲೇಖಕನಿಗೂ ಸುಲಭ.

ಈ ಎಲ್ಲರ ಹಿರಿಯಣ್ಣ ವಿಲಿಯಂ ಮ್ಯಾಕಿಲ್ವನಿ ಅವರ 'ಲೇಡ್ಲಾ' (1977). ಗ್ಲಾಸ್ಗೋದ ಈ ಇನ್‌ಸ್ಪೆಕ್ಟರ್ ಬೇರೆಯವರು ಬಾಟಲಿ ಬಚ್ಚಿಡುವ ಮೇಜಿನ ಖಾನೆಯಲ್ಲಿ ಕೀರ್ಕೆಗಾರ್ಡ್, ಕಮೂ, ಉನಾಮುನೊ ಎಂಬ ತತ್ವಚಿಂತಕರ ಪುಸ್ತಕ ಇಟ್ಟುಕೊಂಡಿದ್ದಾನೆ. ಕೊಲೆಗಾರ ಯಾರೆಂದು ಓದುಗರಿಗೆ ಮೊದಲೇ ಗೊತ್ತು. ಅವನ ಬಳಿಗೆ ಮೊದಲು ತಲುಪುವವರು ಪೊಲೀಸರೋ ಸೇಡಿಗೆ ಹೊರಟವರೋ ಎಂಬುದೇ ಕಥೆ. ಕೊಂದವನನ್ನೂ ಮನುಷ್ಯನೆಂದು ನೋಡುವ ಹಟ ಲೇಡ್ಲಾನದು, ಆ ಹಟವೇ ಅವನ ಓಟಕ್ಕೆ ಕಾರಣ. ಒಂದೇ ಪುಸ್ತಕ ಓದುತ್ತೇನೆ ಎನ್ನುವವರಿಗೆ ನಾವು ಕೊಡುವುದು ಇದನ್ನೇ.

ಪ್ರ: ಇಂಗ್ಲಿಷ್ ಚೆನ್ನಾಗಿಯೇ ಬರುತ್ತದೆ, ಆದರೂ ಸಂಭಾಷಣೆ ಅರ್ಥವಾಗುವುದಿಲ್ಲ. ನಿಘಂಟಿನಲ್ಲೂ ಸಿಗುವುದಿಲ್ಲ.
— ಪದವಿ ವಿದ್ಯಾರ್ಥಿನಿ, ಅರಸೀಕೆರೆ

ಉ: ಗೊತ್ತಿಲ್ಲದ ಪದ ಅಷ್ಟು ತೊಂದರೆ ಕೊಡುವುದಿಲ್ಲ. ಗೊತ್ತಿದೆ ಎಂದುಕೊಂಡ ಪದ ಹೆಚ್ಚು ದಾರಿ ತಪ್ಪಿಸುತ್ತದೆ. 'ಎಸ್ಟೇಟ್' ಎಂದರೆ ನಮ್ಮ ಕಡೆಯವರಿಗೆ ಕಾಫಿ ತೋಟ. ಈ ಕಾದಂಬರಿಗಳಲ್ಲಿ ಅದು ನಗರಸಭೆ ಕಟ್ಟಿಸಿದ ಬಾಡಿಗೆ ಮನೆಗಳ ಬಡಾವಣೆ, ಬಹುಪಾಲು ಬಡವರದ್ದು. ಸ್ಕಾಟ್‌ಲ್ಯಾಂಡಿನಲ್ಲಿ ಅದನ್ನೇ 'ಸ್ಕೀಮ್' ಎನ್ನುತ್ತಾರೆ, ಯಾವ ಸಂಚೂ ಅಲ್ಲ. 'ಕ್ಲೋಸ್' ಎಂದರೆ ವಠಾರದ ಒಳಮೆಟ್ಟಿಲಿಗೆ ಹೋಗುವ ಓಣಿ. 'ಗ್ರಾಸ್' ಪೊಲೀಸರಿಗೆ ಸುದ್ದಿ ಕೊಡುವವನು, 'ಬ್ರೀಫ್' ವಕೀಲ, 'ನಿಕ್' ಠಾಣೆ, 'ಬೆಂಟ್' ಲಂಚಕೋರ.

ಎಲ್ಲಕ್ಕಿಂತ ಮೋಸ ಮಾಡುವುದು 'ಟೀ'. ಇಂಗ್ಲೆಂಡಿನ ಉತ್ತರ ಭಾಗದಲ್ಲೂ ಸ್ಕಾಟ್‌ಲ್ಯಾಂಡಿನಲ್ಲೂ ದುಡಿಯುವ ಜನಕ್ಕೆ ಟೀ ಎಂದರೆ ಸಂಜೆ ಐದಾರು ಗಂಟೆಯ ಊಟ, 'ಡಿನ್ನರ್' ಎಂದರೆ ಎಷ್ಟೋ ಸಲ ಮಧ್ಯಾಹ್ನದ ಊಟ. 'ಡಿನ್ನರಿಗೆ ಮನೆಯಲ್ಲಿದ್ದ' ಎಂಬ ಸಾಕ್ಷಿಯನ್ನು ರಾತ್ರಿ ಎಂಟೆಂದು ಲೆಕ್ಕ ಹಾಕಿದರೆ ಆರೋಪಿ ಎಲ್ಲಿದ್ದ ಎಂಬ ಇಡೀ ಲೆಕ್ಕ ತಪ್ಪುತ್ತದೆ.

ಸ್ಕಾಟ್ಸ್ ಪದಗಳು ಬೇಗ ಕಿವಿಗೆ ಹತ್ತುತ್ತವೆ. ಕೆನ್ ಅಂದರೆ ಗೊತ್ತು, ವೀ ಅಂದರೆ ಚಿಕ್ಕ, ಹಾರ್ ಅಂದರೆ ಕಡಲಿನಿಂದ ಬರುವ ಮಂಜು. 'ಡ್ರೀಖ್' ಪದಕ್ಕೆ ಬಯಲುಸೀಮೆಯವರು ಯೋಚಿಸಬೇಕು. ಕೊಪ್ಪ, ಶೃಂಗೇರಿಯವರಿಗೆ ಆಷಾಢದ ಜಿಟಿಜಿಟಿ ಮಬ್ಬು ದಿನ ಎಂದರೆ ಸಾಕು. ಅರ್ಥವಾಗದ ಸಾಲನ್ನು ಗಟ್ಟಿಯಾಗಿ ಓದಿ. ಉಚ್ಚಾರಣೆಯಂತೆ ಬರೆದಿರುತ್ತಾರೆ, ಕಣ್ಣಿಗೆ ಸಿಗದ್ದು ಕಿವಿಗೆ ಸಿಗುತ್ತದೆ.

ಪ್ರ: ಡೇವಿಡ್ ಪೀಸ್ ಅವರ 'ರೆಡ್ ರೈಡಿಂಗ್' ನಿಜ ಘಟನೆಯೇ? ಮಗನಿಗೆ ಕೊಡಬಹುದೇ? ಅವನಿಗೆ ಹದಿನೈದು.
— ಒಬ್ಬ ತಂದೆ, ಕಡೂರು

ಉ: ಈಗ ಬೇಡ. ಹಿಂಸೆ ಅತಿ ಎನಿಸುವಷ್ಟು ಬಿಚ್ಚಾಗಿದೆ, ವಾಕ್ಯಗಳು ಜಪದಂತೆ ಮರುಕಳಿಸುತ್ತವೆ, ಹಿಡಿದುಕೊಳ್ಳಲು ಒಬ್ಬ ಒಳ್ಳೆಯವನೂ ಸಿಗುವುದಿಲ್ಲ.

ನಾಲ್ಕು ಪುಸ್ತಕಗಳ ಹೆಸರು ವರ್ಷಗಳೇ: 1974, 1977, 1980, 1983. ಮೊದಲನೆಯದು 1999ರಲ್ಲಿ ಬಂತು. ಪಾತ್ರಗಳು ಕಲ್ಪನೆ, ಹಿನ್ನೆಲೆ ನಿಜ. ಉತ್ತರ ಇಂಗ್ಲೆಂಡಿನಲ್ಲಿ ನಡೆದ 13 ಹೆಂಗಸರ ಕೊಲೆಗಾಗಿ ಪೀಟರ್ ಸಟ್‌ಕ್ಲಿಫ್‌ಗೆ 1981ರಲ್ಲಿ ಶಿಕ್ಷೆಯಾಯಿತು. ಅದಕ್ಕೂ ಮುಂಚೆ ಪೊಲೀಸರು ಅವನನ್ನು ಒಂಬತ್ತು ಸಲ ಮಾತಾಡಿಸಿ ಬಿಟ್ಟಿದ್ದರು. ಮಾಹಿತಿ ಲಕ್ಷಗಟ್ಟಲೆ ಕಾರ್ಡುಗಳಲ್ಲಿ ಚದುರಿಹೋಗಿ, ಒಂದು ಕಾರ್ಡಿಗೂ ಇನ್ನೊಂದಕ್ಕೂ ಕೊಂಡಿ ಸಿಗಲಿಲ್ಲ. ಮೇಲಾಗಿ ತಾನೇ ಕೊಲೆಗಾರನೆಂದು ಯಾರೋ ಕಳಿಸಿದ ಸುಳ್ಳು ಧ್ವನಿಸುರುಳಿಯನ್ನು ಹಿರಿಯ ಅಧಿಕಾರಿಗಳು ನಂಬಿದರು. ಅದರಲ್ಲಿದ್ದ ಉಚ್ಚಾರಣೆ ಬೇರೆ ಊರಿನದ್ದು, ಸಟ್‌ಕ್ಲಿಫ್‌ನದು ಬೇರೆ, ಹಾಗಾಗಿ ಅವನು ಜರಡಿಯಿಂದ ಜಾರಿಕೊಂಡ. ದೊಡ್ಡ ತನಿಖೆಗಳಿಗೆ 'ಹೋಮ್ಸ್' ಎಂಬ ಕಂಪ್ಯೂಟರ್ ವ್ಯವಸ್ಥೆ ಬಂದದ್ದು ಈ ಸೋಲಿನಿಂದ. ಪೀಸ್ ಅವರ ಸಿಟ್ಟೆಲ್ಲ ಆ ಠಾಣೆಗಳ ಮೇಲೆ. ನೀವು ಓದುವುದಾದರೆ ನಾಲ್ಕನ್ನೂ ಕ್ರಮವಾಗಿಯೇ ಓದಿ. ಮೊದಲನೆಯದರಲ್ಲಿ ಬಿಟ್ಟ ಗಂಟು ಕೊನೆಯದರಲ್ಲಿ ಬಿಚ್ಚುತ್ತದೆ.

ಪ್ರ: ಈ ಧಾಟಿಯಲ್ಲಿ ನಮ್ಮ ಕಡೆ ನಡೆಯುವ ಕನ್ನಡ ಕಾದಂಬರಿ ಬರೆಯುತ್ತಿದ್ದೇನೆ. ಹತ್ತು ಅಧ್ಯಾಯ ಆಗಿದೆ. ನಾಯಕ ಇನ್‌ಸ್ಪೆಕ್ಟರ್, ಒಂಟಿ, ವಿಸ್ಕಿ ಕುಡಿಯುತ್ತಾನೆ, ಜಾಝ್ ಕೇಳುತ್ತಾನೆ. ಓದಿದ ಗೆಳೆಯರು 'ಇವನು ನಮ್ಮೂರಿನವನಲ್ಲ' ಅಂದರು. ಏನು ಮಾಡಲಿ?
— ಯುವ ಬರಹಗಾರರು, ಸಕಲೇಶಪುರ

ಉ: ಗೆಳೆಯರು ಸರಿಯಾಗಿ ಹೇಳಿದ್ದಾರೆ. ಜಾನ್ ಹಾರ್ವಿ ಅವರ ನಾಟಿಂಗ್‌ಹ್ಯಾಮ್‌ನ ಪತ್ತೇದಾರ ಚಾರ್ಲಿ ರೆಸ್ನಿಕ್ ಜಾಝ್ ಕೇಳುತ್ತಾನೆ, ಬೆಕ್ಕುಗಳಿಗೆ ಸಂಗೀತಗಾರರ ಹೆಸರಿಟ್ಟಿದ್ದಾನೆ ನಿಜ. ಪೋಲೆಂಡಿನಿಂದ ವಲಸೆ ಬಂದವರ ಮಗ ಅವನು, ತನ್ನ ಊರಿನಲ್ಲೇ ಅರ್ಧ ಹೊರಗಿನವನು. ಸಂಗೀತ ಆ ಒಂಟಿತನದಿಂದ ಬಂದದ್ದು. ನೀವು ಅವನ ರೆಕಾರ್ಡುಗಳನ್ನು ಮಾತ್ರ ತಂದಿದ್ದೀರಿ.

ಮೊದಲು ನಾಯಕನ ಕೆಲಸ ಬದಲಿಸಿ ನೋಡಿ. ತೋಟದ ರೈಟರ್ ಹೇಗೆ? ಯಾವ ದಿನ ಯಾರು ಕೆಲಸಕ್ಕೆ ಬಂದರು, ಯಾರು ಬರಲಿಲ್ಲ ಎಂಬ ಚೆಕ್‌ರೋಲ್ ಅವನ ಕೈಯಲ್ಲಿದೆ. ಅಥವಾ ತೋಟದ ಕೂಲಿಗಳ ಸಾಲುಮನೆಯಲ್ಲಿ, ಅಂದರೆ ಲೈನ್ ಮನೆಯಲ್ಲಿ ಹುಟ್ಟಿ ಬೆಳೆದ ಮಹಿಳಾ ಹೆಡ್ ಕಾನ್‌ಸ್ಟೆಬಲ್. ತೋಟದ ಮಾಲೀಕರ ಮನೆಯಲ್ಲಿ ಅವಳಿಗೆ ಹಿಂಬಾಗಿಲು, ಲೈನಿನಲ್ಲಿ ಮುಂಬಾಗಿಲು. ಇನ್‌ಸ್ಪೆಕ್ಟರ್‌ಗೆ ಸಿಗದ ಮಾತು ಅವಳಿಗೆ ಸಿಗುತ್ತದೆ, ಆದರೆ ಸಹಿ ಹಾಕುವ ಅಧಿಕಾರ ಅವಳಿಗಿಲ್ಲ. ಆ ತಿಕ್ಕಾಟದಲ್ಲೇ ನಿಮ್ಮ ಕಾದಂಬರಿ ಇದೆ.

ಎರಡನೆಯದು, ಕಥೆಯ ವರ್ಷ ಗಟ್ಟಿ ಮಾಡಿಕೊಳ್ಳಿ. 2024ರ ಜುಲೈ 1ರಿಂದ ಹೊಸ ಕಾನೂನುಗಳು ಜಾರಿಯಲ್ಲಿವೆ. ಅನಂತರದ ಕೊಲೆಗೆ ಹಳೆಯ ದಂಡ ಸಂಹಿತೆಯ ಕಲಂ 302 ಎಂದು ಬರೆದರೆ ತಪ್ಪು, ಭಾರತೀಯ ನ್ಯಾಯ ಸಂಹಿತೆಯ 103. ಅಸಹಜ ಸಾವಿನ ತನಿಖೆ ಹಿಂದೆ 174, ಈಗ ನಾಗರಿಕ ಸುರಕ್ಷಾ ಸಂಹಿತೆಯ 194.

ಮೂರನೆಯದು ನಿಮ್ಮ ಕ್ಲೈಮ್ಯಾಕ್ಸನ್ನೇ ಮುಟ್ಟುತ್ತದೆ. ಬ್ರಿಟಿಷ್ ಕಾದಂಬರಿಯಲ್ಲಿ ವಿಚಾರಣೆ ಕೋಣೆಯ ಮಾತಿನ ಜಟಾಪಟಿಯಲ್ಲಿ ಆರೋಪಿ ಒಪ್ಪಿಕೊಂಡರೆ, ಧ್ವನಿಮುದ್ರಿತವಾದ ಆ ಮಾತೇ ಸಾಕ್ಷ್ಯ. ನಮ್ಮಲ್ಲಿ ಪೊಲೀಸರ ಮುಂದೆ 'ನಾನೇ ಕೊಂದೆ' ಎಂದದ್ದಕ್ಕೆ ಕೋರ್ಟಿನಲ್ಲಿ ಬೆಲೆಯಿಲ್ಲ. ಆದರೆ 'ಕತ್ತಿಯನ್ನು ಪಲ್ಪರ್ ಮನೆ (ಕಾಫಿ ಹಣ್ಣು ಸುಲಿಯುವ ಮನೆ) ಹಿಂದೆ ಹೂತಿದ್ದೇನೆ' ಎಂದು ಹೇಳಿ, ಆ ಮಾತಿನಿಂದಲೇ ಕತ್ತಿ ಸಿಕ್ಕರೆ, ಅಷ್ಟು ಭಾಗ ನಿಲ್ಲುತ್ತದೆ. ಹಾಗಾಗಿ ನಿಮ್ಮ ಕೊನೆಯ ದೃಶ್ಯ ಠಾಣೆಯಲ್ಲಿ ಆಗಬಾರದು. ಪಂಚರನ್ನು ನಿಲ್ಲಿಸಿಕೊಂಡು, ಮಳೆಯಲ್ಲಿ ನೆಲ ಅಗೆದು, ಮಹಜರು ಬರೆಯುವ ಜಾಗದಲ್ಲಿ ಆಗಬೇಕು. ಕತ್ತಿ ಮೊದಲೇ ಪೊಲೀಸರಿಗೆ ಸಿಕ್ಕಿದ್ದರೆ ಆರೋಪಿಯ ಮಾತು ವ್ಯರ್ಥ. ಈ ಒಂದು ಅಂಶದಿಂದಲೇ ಎರಡು ಅಧ್ಯಾಯದ ಬಿಗಿ ಹುಟ್ಟಿಸಬಹುದು.

ನಾಲ್ಕನೆಯದು ಮಳೆ. ವರ್ಣನೆಗೆ ಬೇಡ, ಸಾಕ್ಷಿಗೆ ಬಳಸಿ. ನಮ್ಮ ಕಡೆ ತೋಟತೋಟದಲ್ಲೂ ದಿನದ ಮಳೆಯನ್ನು ಇಂಚು, ಸೆಂಟ್ ಲೆಕ್ಕದಲ್ಲಿ ಬರೆದಿಡುತ್ತಾರೆ. ನೂರು ಸೆಂಟಿಗೆ ಒಂದು ಇಂಚು. 'ಆ ರಾತ್ರಿ ಮಳೆಯೇ ಇರಲಿಲ್ಲ, ನಡೆದುಕೊಂಡು ಬಂದೆ' ಎಂದವನ ಸುಳ್ಳನ್ನು 1 ಇಂಚು 40 ಸೆಂಟ್ ಎಂಬ ಸಾಲು ಹಿಡಿಯುತ್ತದೆ. ಎಚ್ಚರಿಕೆ: ಮೂರು ಮೈಲಿ ಆಚೆಯ ತೋಟದ ಪುಸ್ತಕ ತೋರಿಸಿದರೆ ವಕೀಲರು ಹರಿದುಹಾಕುತ್ತಾರೆ, ಗುಡ್ಡದ ಈ ಮಗ್ಗುಲಿಗೆ ಸುರಿದದ್ದು ಆ ಮಗ್ಗುಲಿಗೆ ಸುರಿದಿರುವುದಿಲ್ಲ. ಬೇಸಿಗೆಯ ಕಥೆಯಾದರೆ ಹೂಮಳೆ ಇದೆ. ಮಳೆ ಬಿದ್ದ ಎಂಟು ಹತ್ತು ದಿನಕ್ಕೆ ಕಾಫಿ ಹೂ ಅರಳುತ್ತದೆ. 'ಹೂ ಬಿಟ್ಟಿದ್ದ ದಿನ ನೋಡಿದೆ' ಎನ್ನುವ ಮುದುಕಿಯ ಮಾತಿನಿಂದ ತಾರೀಖು ತೆಗೆಯಬಹುದು.

ಆನೆ ತುಳಿತವೆಂದು ಕೊಲೆಯನ್ನು ಮುಚ್ಚುವ ಯೋಚನೆ ನಿಮಗೂ ಬಂದಿರುತ್ತದೆ, ಎಲ್ಲರಿಗೂ ಬರುತ್ತದೆ. ಅದು ಮರಣೋತ್ತರ ಪರೀಕ್ಷೆಯವರೆಗೆ ಮಾತ್ರ ನಿಲ್ಲುತ್ತದೆ. ಆನೆ ತುಳಿದರೆ ಪಕ್ಕೆಲುಬು ನುಜ್ಜುಗುಜ್ಜಾಗುತ್ತದೆ, ಕತ್ತಿಯ ಗಾಯದ ಅಂಚು ಬೇರೆ. ಆದ್ದರಿಂದ ಅದನ್ನು ಕೊನೆಯ ತಿರುವು ಮಾಡಬೇಡಿ, ಎರಡನೆಯ ಅಧ್ಯಾಯದಲ್ಲೇ ಮುರಿದುಬಿಡಿ. ಪ್ರಯೋಗಾಲಯದ ವರದಿ ಮರುದಿನ ಬರುವಂತೆಯೂ ಬರೆಯಬೇಡಿ, ವಾರಗಳು ಹಿಡಿಯುತ್ತವೆ. ಆ ಕಾಯುವಿಕೆಯಲ್ಲಿ ಊರು ಏನು ಮಾತಾಡುತ್ತದೆ ಎಂಬುದೇ ಒಳ್ಳೆಯ ಸರಕು.

ಮುಂದಿನ ಕರಡಿಗೆ ಮೊದಲು ಒಂದು ನೋಟ್‌ಪುಸ್ತಕ ತೆಗೆದುಕೊಳ್ಳಿ. ತನಿಖಾಧಿಕಾರಿಗಳು ಕೇಸ್ ಡೈರಿ ಬರೆಯುವಂತೆ ದಿನಕ್ಕೊಂದು ಪುಟ. ಪುಟದಲ್ಲಿ ಮೂರು ಕಾಲಂ: ನಿಜವಾಗಿ ಏನಾಯಿತು, ಪೊಲೀಸರಿಗೆ ಏನು ಗೊತ್ತು, ಓದುಗರಿಗೆ ಏನು ಗೊತ್ತು. ಮೂರೂ ಒಂದೇ ಆಗಿರುವ ದಿನ ಕಥೆ ನಿಂತಿದೆ ಎಂದರ್ಥ, ಆ ಅಧ್ಯಾಯ ತೆಗೆಯಿರಿ. ಮಲೆನಾಡಿನ ಒಂದು ದಿನದ ಓಡಾಟದಲ್ಲೇ ಭಯ ಕಟ್ಟುವುದು ಹೇಗೆಂದು ನೋಡಲು ತೇಜಸ್ವಿ ಅವರ 'ಜುಗಾರಿ ಕ್ರಾಸ್' ಮತ್ತೊಮ್ಮೆ ಓದಿ. ಧಾಟಿಯನ್ನು ಅನುಕರಿಸಲು ಅಲ್ಲ, ಏಲಕ್ಕಿ ಮಾರಾಟದಂಥ ದಿನನಿತ್ಯದ ವ್ಯವಹಾರ ಅಲ್ಲಿ ಕಥೆಯ ಬೆನ್ನೆಲುಬಾದ ಬಗೆ ಗಮನಿಸಲು.

ಪ್ರ: ಟಿವಿ ಸರಣಿ ನೋಡಿದರೆ ಸಾಲದೇ?
— ಗೃಹಿಣಿ, ಆಲೂರು

ಉ: 'ಹ್ಯಾಪಿ ವ್ಯಾಲಿ'ಯ ಮಟ್ಟಿಗೆ ಸಾಕು, ಅದರ ಹಿಂದೆ ಪುಸ್ತಕವೇ ಇಲ್ಲ. ಸ್ಯಾಲಿ ವೇನ್‌ರೈಟ್ ನೇರವಾಗಿ ಟಿವಿಗೆ ಬರೆದದ್ದು. 2014, 2016, 2023ರ ಮೂರು ಸರಣಿ, ಒಟ್ಟು 18 ಕಂತು. ನಾಯಕಿ ಕ್ಯಾಥರೀನ್ ಕಾವುಡ್ ಪತ್ತೇದಾರಳೇ ಅಲ್ಲ, ಮೊಮ್ಮಗನನ್ನು ಸಾಕುತ್ತಿರುವ ಸಮವಸ್ತ್ರದ ಸಾರ್ಜೆಂಟ್. ರೀಬಸ್, ಲೇಡ್ಲಾ ಮಾತ್ರ ಪುಸ್ತಕದಲ್ಲೇ ಓದಿ.

ಪ್ರ: ಭಾರತದ ನಂಟಿರುವ ಪುಸ್ತಕ ಹೇಳಿ.
— ಶಿಕ್ಷಕರು, ಬೇಲೂರು

ಉ: ಸ್ಕಾಟ್‌ಲ್ಯಾಂಡಿನಲ್ಲಿ ಬೆಳೆದ ಅಬೀರ್ ಮುಖರ್ಜಿ ಅವರ 'ಎ ರೈಸಿಂಗ್ ಮ್ಯಾನ್' (2016). 1919ರ ಕಲ್ಕತ್ತ. ಮಹಾಯುದ್ಧ ಮುಗಿಸಿ ಬಂದ ಸ್ಯಾಮ್ ವಿಂಡಮ್‌ಗೆ ಅಫೀಮಿನ ಚಟ. ಜೊತೆಗಾರ ಸುರೇಂದ್ರನಾಥ ಬ್ಯಾನರ್ಜಿ. ಬಿಳಿಯರು ಅವನ ಹೆಸರು ಹೇಳಲಾರದೆ 'ಸರೆಂಡರ್ ನಾಟ್' ಎಂದು ಮಾಡಿಬಿಟ್ಟಿದ್ದಾರೆ. ದೇಶ ಸ್ವಾತಂತ್ರ್ಯ ಕೇಳುತ್ತಿರುವಾಗ ಬ್ರಿಟಿಷ್ ಪೊಲೀಸಿನಲ್ಲಿ ಸಂಬಳ ತೆಗೆದುಕೊಳ್ಳುವ ಅವನ ಸಂಕಟ ವಿಂಡಮ್‌ನ ಅಫೀಮಿಗಿಂತ ಆಳವಾದದ್ದು.

ಪ್ರ: ಹಳೆ ಪುಸ್ತಕದಂಗಡಿಯಲ್ಲಿ ರೀಬಸ್‌ನ ಎರಡು ಪುಸ್ತಕ ಕೊಂಡೆ. ಮನೆಗೆ ಬಂದು ನೋಡಿದರೆ ಎರಡರಲ್ಲೂ ಒಂದೇ ಕಥೆ, ಹೆಸರು ಮಾತ್ರ ಬೇರೆ.
— ಓದುಗರು, ತರೀಕೆರೆ

ಉ: ನಕಲಿ ಪ್ರತಿ ಎಂದು ಅಂಗಡಿಯವರನ್ನು ದೂರಬೇಡಿ. 1992ರ 'ವುಲ್ಫ್‌ಮ್ಯಾನ್' ಆಮೇಲೆ 'ಟೂತ್ ಅಂಡ್ ನೇಲ್' ಆಯಿತು. 'ಫ್ಲೆಶ್‌ಮಾರ್ಕೆಟ್ ಕ್ಲೋಸ್' ಅಮೆರಿಕದಲ್ಲಿ 'ಫ್ಲೆಶ್‌ಮಾರ್ಕೆಟ್ ಆಲಿ', ಅಲ್ಲಿಯವರಿಗೆ 'ಕ್ಲೋಸ್' ತಿಳಿಯದೆಂದು. ದುಡ್ಡು ಕೊಡುವ ಮೊದಲು ಶೀರ್ಷಿಕೆ ಪುಟದ ಹಿಂಬದಿ ತಿರುಗಿಸಿ ನೋಡಿ. ಬೇರೆ ಹೆಸರಿನಲ್ಲಿ ಮೊದಲು ಪ್ರಕಟವಾಗಿದ್ದರೆ ಸಾಮಾನ್ಯವಾಗಿ ಅಲ್ಲಿ ಸಣ್ಣ ಅಕ್ಷರದಲ್ಲಿ ಹಾಕಿರುತ್ತಾರೆ. ಹಾಕಿರದಿದ್ದರೆ ಎರಡೂ ಪುಸ್ತಕಗಳ ಮೊದಲ ಪ್ಯಾರಾ ಓದಿ ಹೋಲಿಸಿ.